ಪದಚರ್ಚೆ: ಕಂತು ಮುಂದಕ್ಕೆ ಹೋದರೆ ಅದು ‘ವಿನಾಯಿತಿ’ಯೇ?

ಗೆಳೆಯರೇ, ನಮಸ್ಕಾರ.

ನಮ್ಮ ಪತ್ತಿನ ಸಹಕಾರ ಸಂಘದ ಸದಸ್ಯರಿಗಾಗಿ ಸಾಲದ ನಿಯಮಗಳ ಪುಟ್ಟ ಕೈಪಿಡಿಯೊಂದನ್ನು ಬರೆಯುತ್ತಿದ್ದೇನೆ. ‘ಮೊರಟೋರಿಯಂ’ (ಸಾಲದ ಕಂತು ಕಟ್ಟುವುದನ್ನು ಸ್ವಲ್ಪ ಕಾಲ ಮುಂದಕ್ಕೆ ಹಾಕಲು ಕೊಡುವ ಅವಕಾಶ) ಅನ್ನುವುದಕ್ಕೆ ಯಾವ ಕನ್ನಡ ಪದ ಹಾಕಿದರೆ ಓದಿದವರು ತಪ್ಪು ತಿಳಿಯುವುದಿಲ್ಲ, ಹೇಳಿ.

2020ರ ಮಾರ್ಚ್‌ನಲ್ಲಿ ಲಾಕ್‌ಡೌನ್ ಆದಾಗ ರಿಸರ್ವ್ ಬ್ಯಾಂಕ್ ಮೊದಲು ಮೂರು ತಿಂಗಳು, ಆಮೇಲೆ ಆಗಸ್ಟ್ 31ರವರೆಗೆ ಕಂತು ಮುಂದಕ್ಕೆ ಹಾಕಲು ಬ್ಯಾಂಕುಗಳಿಗೆ ಅವಕಾಶ ಕೊಟ್ಟಿತು. ಆಗ ಎಲ್ಲರ ಬಾಯಲ್ಲೂ ‘ಇಎಂಐ ವಿನಾಯಿತಿ’. ವಿನಾಯಿತಿ ಅಂದರೆ ಬಿಟ್ಟುಕೊಟ್ಟದ್ದು ಅಲ್ವಾ? ಶುಲ್ಕ ವಿನಾಯಿತಿ ಸಿಕ್ಕ ಹುಡುಗ ಮುಂದಿನ ವರ್ಷ ಆ ಶುಲ್ಕ ಕಟ್ಟಬೇಕಾಗಿಲ್ಲ. ಇಲ್ಲಿ ಕಂತೂ ಉಳಿದಿತ್ತು, ಬಡ್ಡಿಯೂ ಓಡುತ್ತಿತ್ತು.

ಕೋರ್ಟಿನ ತೀರ್ಪಿನ ಸುದ್ದಿಯಲ್ಲಿ ಗೊಂದಲ ಇನ್ನೂ ಜಾಸ್ತಿ. 2021ರ ಮಾರ್ಚ್ 23ರಂದು ಸುಪ್ರೀಂ ಕೋರ್ಟ್ ಹೇಳಿದ್ದು ಇಷ್ಟು: ಆ ಆರು ತಿಂಗಳಿಗೆ ಚಕ್ರಬಡ್ಡಿ, ಸುಸ್ತಿಬಡ್ಡಿ (ಕಂತು ತಪ್ಪಿದ್ದಕ್ಕೆ ದಂಡದ ಬಡ್ಡಿ) ಹಾಕುವಂತಿಲ್ಲ. ಹಾಕಿ ವಸೂಲು ಮಾಡಿದ್ದರೆ ಮುಂದಿನ ಕಂತಿಗೆ ಜಮಾ ಮಾಡಬೇಕು. ಚಕ್ರಬಡ್ಡಿ ಬಿಡುವುದು ಎರಡು ಕೋಟಿ ರೂಪಾಯಿವರೆಗಿನ ಸಾಲಕ್ಕೆ ಮಾತ್ರ ಎಂದು ಸರ್ಕಾರ ಹಾಕಿಕೊಂಡಿದ್ದ ಮಿತಿಯೂ ಹೋಯಿತು. ಆದರೆ ಪೂರ್ತಿ ಬಡ್ಡಿ ಬಿಡಿ ಎಂಬ ಬೇಡಿಕೆಯನ್ನು ಕೋರ್ಟ್ ಒಪ್ಪಲಿಲ್ಲ. ಇದನ್ನು ‘ಬಡ್ಡಿ ಮನ್ನಾ’ ಎಂದರೆ ಹೇಗೆ?

ಲೆಕ್ಕ ಹಾಕಿ ನೋಡಿ. ಒಂದು ಲಕ್ಷ ಸಾಲ, ವರ್ಷಕ್ಕೆ ನೂರಕ್ಕೆ 12ರಂತೆ ಬಡ್ಡಿ. ಆರು ತಿಂಗಳಿಗೆ ಸರಳ ಬಡ್ಡಿ 6,000 ರೂಪಾಯಿ. ತಿಂಗಳು ತಿಂಗಳು ಬಡ್ಡಿಯನ್ನು ಅಸಲಿಗೆ ಸೇರಿಸುತ್ತಾ ಹೋದರೆ 6,152. ಅಂದರೆ ಚಕ್ರಬಡ್ಡಿ ತೆಗೆದಾಗ ಸಾಲಗಾರನಿಗೆ ಉಳಿತಾಯವಾದದ್ದು 152 ರೂಪಾಯಿ! ‘ಮನ್ನಾ’ ಎಂದು ಓದಿದ ಸಾಲಗಾರ ಆರು ಸಾವಿರವೇ ಹೋಯಿತು ಅಂದುಕೊಂಡರೆ ಅದು ಅವನ ತಪ್ಪಲ್ಲ. ‘ಸಾಲಗಾರರಿಗೆ ಪರಿಹಾರ’ ಎಂದರೂ ಕಷ್ಟವೇ. ಬೆಳೆ ಪರಿಹಾರ ಕೇಳಿ ಅಭ್ಯಾಸವಾದ ಕಿವಿಗೆ ಕೈಗೆ ದುಡ್ಡು ಬಂದ ಹಾಗೆ ಕೇಳಿಸುತ್ತದೆ.

‘ಚಕ್ರಬಡ್ಡಿ’ಯ ವಿಷಯದಲ್ಲಿ ನನಗೆ ಅನುಮಾನವಿಲ್ಲ. ಹಳ್ಳಿಯಲ್ಲೂ ಗೊತ್ತಿರುವ ಪದ, ಹಾಗೇ ಇಡುತ್ತೇನೆ. ಮೊರಟೋರಿಯಂಗೆ ನನ್ನ ಮನಸ್ಸು ‘ಕಂತಿನ ವಾಯಿದೆ’ ಕಡೆಗಿದೆ. ‘ಕೇಸಿಗೆ ವಾಯಿದೆ ತಗೊಂಡ್ರು’ ಎಂದರೆ ಕೇಸು ಮುಗಿಯಿತು ಎಂದು ಯಾರೂ ತಿಳಿಯುವುದಿಲ್ಲ, ದಿನ ಮುಂದಕ್ಕೆ ಹೋಯಿತು ಎಂದೇ ತಿಳಿಯುತ್ತಾರೆ. ‘ಮುಂದೂಡಿಕೆ’ಯೂ ಸರಿಯೇ. ಆದರೆ ಅದರಲ್ಲಿ ಸಾಲ ಕೊಟ್ಟವರು ಒಪ್ಪಿದ್ದಾರೆ ಎನ್ನುವುದು ಕಾಣುವುದಿಲ್ಲ, ಸಾಲಗಾರನೇ ಸುಮ್ನೆ ಮುಂದೂಡಿದ ಹಾಗೂ ಆಗಬಹುದು.

ಒಂದು ತೊಡಕಿದೆ. ‘ವಾಯಿದೆ’ ಎಂದರೆ ಗಡುವು ಎಂಬ ಅರ್ಥವೂ ಇದೆ. ‘ವಾಯಿದೆ ಮೀರಿದ ಸಾಲ’ ಎಂದು ಸಂಘದ ಪುಸ್ತಕಗಳಲ್ಲೇ ಬರೆಯುತ್ತೇವೆ. ಒಂದೇ ಪುಟದಲ್ಲಿ ಎರಡೂ ಬಂದರೆ ಓದುಗರಿಗೆ ಗಲಿಬಿಲಿ ಆಗುತ್ತದೆಯೇ?

ಬೆಳಗಾವಿ, ಧಾರವಾಡ, ವಿಜಯಪುರದ ಕಡೆಯವರಲ್ಲಿ ಇನ್ನೊಂದು ಪ್ರಶ್ನೆ. ನಿಮ್ಮಲ್ಲಿ ‘ಕಟಬಾಕಿ’ (ಗಡುವು ಮೀರಿ ಉಳಿದ ಬಾಕಿ), ‘ಮುದ್ದತು’ ಬಳಕೆಯಲ್ಲಿವೆ. ‘ಮುದ್ದತು ಕೊಟ್ಟರು’ ಎಂದರೆ ಕಟ್ಟಲು ಇನ್ನಷ್ಟು ಸಮಯ ಕೊಟ್ಟರು ಎಂದೇ ಅರ್ಥವೇ? ‘ಕಟಬಾಕಿದಾರ’ನಿಗೂ ‘ಸುಸ್ತಿದಾರ’ನಿಗೂ ಏನಾದರೂ ವ್ಯತ್ಯಾಸ ಮಾಡುತ್ತೀರಾ? ಬ್ಯಾಂಕು, ಸಂಘಗಳಲ್ಲಿ ಕೆಲಸ ಮಾಡಿದವರು ನೋಟಿಸಿನಲ್ಲಿ ಬರೆಯುವ ವಾಕ್ಯವನ್ನೇ ಹಾಕಿದರೆ ಬಹಳ ಉಪಕಾರವಾಗುತ್ತದೆ.