‘ದೃಷ್ಟಿಭ್ರಮೆ’ಯಲ್ಲಿ ಭ್ರಮೆ ಎಲ್ಲಿದೆ?

ಎಲ್ಲರಿಗೂ ನಮಸ್ಕಾರ.

ಹೈಸ್ಕೂಲ್ ಮಕ್ಕಳಿಗಾಗಿ ಒಂದು ಲೇಖನ ಬರೆಯುತ್ತಿದ್ದೇನೆ. ‘ಆಪ್ಟಿಕಲ್ ಇಲ್ಯೂಷನ್’ಗೆ (ಇರುವುದೊಂದು, ಕಣ್ಣಿಗೆ ಕಾಣುವುದು ಇನ್ನೊಂದು) ಕನ್ನಡದಲ್ಲಿ ಏನು ಬರೆಯಲಿ ಅನ್ನುವುದೇ ತಲೆನೋವು. ‘ದೃಷ್ಟಿಭ್ರಮೆ’ ಬಳಕೆಯಲ್ಲಿದೆ, ಆದರೆ ಅದರೊಳಗಿನ ‘ಭ್ರಮೆ’ ಯಾಕೋ ನನಗೆ ಒಗ್ಗುತ್ತಿಲ್ಲ.

ಭ್ರಮೆ ಅಂದರೆ ಹಗ್ಗ-ಹಾವಿನ ಮಾತು ನೆನಪಾಗುತ್ತದೆ, ಅಲ್ವಾ? ದೀಪ ತಂದು ನೋಡಿದರೆ ಹಾವು ಮಾಯ. ಜರ್ಮನ್ ವಿದ್ವಾಂಸ ಮುಲ್ಲರ್-ಲಯರ್ 1889ರಲ್ಲಿ ತೋರಿಸಿದ ಗೆರೆಗಳು ಹಾಗಲ್ಲ. ಒಂದೇ ಉದ್ದದ ಎರಡು ಗೆರೆ. ಒಂದರ ಎರಡೂ ತುದಿಗೆ ಬಾಣದ ಮೊನೆ, ಇನ್ನೊಂದಕ್ಕೆ ಅದೇ ಮೊನೆ ತಿರುಗಿಸಿ ಇಟ್ಟದ್ದು. ಈ ಎರಡನೆಯದು ಉದ್ದ ಕಾಣುತ್ತದೆ. ಸ್ಕೇಲಿಟ್ಟು ಅಳೆದೆ, ಸಮ. ಸ್ಕೇಲು ತೆಗೆದೆ, ಮತ್ತೆ ಉದ್ದ! ಗೊತ್ತಾದ ಮೇಲೂ ಬಿಡದ್ದು ಅದೆಂಥ ಭ್ರಮೆ?

ತಪ್ಪು ಅನ್ನೋಣವೆಂದರೆ ಅದೂ ಕಷ್ಟ. ದೃಷ್ಟಿಯ ಬಗ್ಗೆ ಸಂಶೋಧನೆ ಮಾಡುವ ವಿಜ್ಞಾನಿ ಎಡ್ವರ್ಡ್ ಆಡೆಲ್ಸನ್ 1995ರಲ್ಲಿ ಮಾಡಿದ ಚದುರಂಗದ ಹಾಸಿನ ಚಿತ್ರ ನೋಡಿರಬಹುದು. ನೆರಳಿನಲ್ಲಿರುವ ‘ಬಿಳಿ’ ಮನೆ, ಬೆಳಕಿನಲ್ಲಿರುವ ‘ಕಪ್ಪು’ ಮನೆ, ಎರಡೂ ಅಚ್ಚಾಗಿರುವುದು ಒಂದೇ ಬೂದು ಬಣ್ಣದಲ್ಲಿ. ಮಿದುಳು ನೆರಳಿನ ಪಾಲನ್ನು ಲೆಕ್ಕದಿಂದ ಕಳೆದುಬಿಡುತ್ತದೆ. ಜಗಲಿಯ ನೆರಳಿಗೆ ಬಂದರೂ ಬಿಳಿ ಪಂಚೆ ಬಿಳಿಯಾಗೇ ಕಾಣುವುದು ಇದೇ ಲೆಕ್ಕದಿಂದ. ದಿನವೂ ನೆರವಾಗುವ ಗುಣವೇ ಈ ಚಿತ್ರದಲ್ಲಿ ಸಿಕ್ಕಿಬಿದ್ದಿದೆ, ಅಷ್ಟೇ.

‘ಕಣ್ಕಟ್ಟು’ ಅಂದರೆ ಜಾದೂಗಾರ ಬೇಕು. ‘ಬಿಸಿಲ್ಗುದುರೆ’ ಬೆಳಕು ಬಾಗಿ ಆಗುವಂಥದ್ದು, ಕ್ಯಾಮೆರಾಗೂ ಸಿಗುತ್ತದೆ. ‘ಕಣ್ತಪ್ಪು’ ಪ್ರೂಫ್ ನೋಡುವಾಗ ಆಗುವುದು (ನನಗೆ ಸ್ವಲ್ಪ ಜಾಸ್ತಿ).

ಹೀಗೆ ತಡಕಾಡುವಾಗ ಹೊಳೆದದ್ದು ನಮ್ಮ ‘ನೋಡು’ ಮತ್ತು ‘ಕಾಣು’. ‘ನಾನು ನೋಡುತ್ತೇನೆ’, ಆದರೆ ‘ನನಗೆ ಕಾಣುತ್ತದೆ’. ನೋಡುವುದು ನನ್ನ ಕೆಲಸ. ಕಾಣುವುದು ನನ್ನನ್ನು ಕೇಳದೆ ಆಗಿಹೋಗುತ್ತದೆ. ‘ಅಳೆದು ನೋಡಿದರೂ ಉದ್ದ ಕಾಣುತ್ತದೆ’ ಅನ್ನುವ ಮಾತಿನಲ್ಲಿ ಇಡೀ ಸಂಗತಿ ಬಂದೇಬಿಟ್ಟಿತು. ಹಾಗಾಗಿ ‘ಕಾಣು’ವಿನಿಂದಲೇ ಪದ ಕಟ್ಟುವ ಆಸೆ. ‘ಹುಸಿಗಾಣ್ಕೆ’ ಅಂತ ಬರೆದುಕೊಂಡೆ. ಮನೆಯಲ್ಲಿ ಓದಿದವರು ‘ಹುಂಡಿಗೆ ಖೋಟಾ ನೋಟು ಹಾಕಿದ ಕಥೆಯಾ?’ ಅಂದರು. ‘ಹುಸಿನೋಟ’ ಕಿವಿಗೆ ಹಿತ, ಆದರೆ ಅದು ‘ನೋಡು’ವಿನ ಕಡೆಯದು.

ಇನ್ನೊಂದು ಪ್ರಶ್ನೆ. ‘ಪರ್ಸೆಪ್ಷನ್’ಗೆ (ಕಣ್ಣು-ಕಿವಿ ತಂದದ್ದನ್ನು ಮಿದುಳು ಅರಿಯುವ ಬಗೆಗೆ) ‘ಗ್ರಹಿಕೆ’ ಸಾಕೇ? ಗ್ರಹಿಸುವುದೆಂದರೆ ಅರ್ಥಮಾಡಿಕೊಳ್ಳುವುದು ಅಂತಲೂ ಆಗುತ್ತದೆ. ಇಲ್ಲಿ ಅರ್ಥವಾದದ್ದೇ ಒಂದು, ಕಾಣುವುದೇ ಇನ್ನೊಂದು.

ನಿಮ್ಮ ಕಡೆಯ ಆಡುಮಾತಿನಲ್ಲಿ ‘ಆಪ್ಟಿಕಲ್ ಇಲ್ಯೂಷನ್’ಗೆ ಯಾವುದಾದರೂ ಪದ ಇದೆಯೇ? ಇದ್ದರೆ, ಅದನ್ನು ಬಳಸುವ ಒಂದು ವಾಕ್ಯವನ್ನೂ ಜೊತೆಗೆ ಬರೆಯಿರಿ.