ದೋಟಿಯ ಬಿದಿರು: ಲೆಕ್ಕದಲ್ಲಿ ಮೀಟರಿಗೆ 0.8 ಕೆಜಿ, ತಕ್ಕಡಿಯಲ್ಲಿ 1.1 ಕೆಜಿ. ಯಾವುದು ಸರಿ?

ಪೊನ್ನಂಪೇಟೆ ತೋಟ:
ಎಲ್ಲರಿಗೂ ನಮಸ್ಕಾರ. ಕಿತ್ತಳೆ, ಅಡಿಕೆ ಕೊಯ್ಯೋದಕ್ಕೆ ಹೊಸ ದೋಟಿ ಮಾಡಬೇಕು. ತೋಟದ ಒಂದು ಮೂಲೆಯಲ್ಲಿ ಕರೆಂಟ್ ಲೈನ್ ಹೋಗಿದೆ, ಹಾಗಾಗಿ ಅಲ್ಯೂಮಿನಿಯಂ ಬೇಡ, ಬಿದಿರೇ ಬೇಕು. ಹಿಡಿಯುವ ಜಾಗದಲ್ಲಿ ಹಗ್ಗ ಸುತ್ತಬೇಕು. ಅದಕ್ಕೆ ತೂಕ ಎಲ್ಲಿ ಸಮ ಬೀಳುತ್ತೆ ಅಂತ ಮೊದಲೇ ಗೊತ್ತಾಗಬೇಕು.

ಅದೇ ಮೆಳೆಯ, ಅದೇ ದಪ್ಪದ ಒಂದು ಬಿದಿರು ಸೀಳು ಬಿಟ್ಟಿತ್ತು. 4 ಮೀಟರ್ ಉದ್ದ. ಅದನ್ನು ತುದಿಯಿಂದ ಒಂದೊಂದು ಮೀಟರಿಗೆ ಕೊಯ್ದು ತೂಗಿದೆ: 0.5, 0.7, 0.9, 1.1 ಕೆಜಿ. ಕೂಡಿಸುತ್ತಾ ಹೋದರೆ 1 ಮೀಟರಿಗೆ 0.5, 2ಕ್ಕೆ 1.2, 3ಕ್ಕೆ 2.1, 4ಕ್ಕೆ 3.2 ಕೆಜಿ.

ಆಮೇಲೆ ತೂಕವನ್ನು ಉದ್ದದಿಂದ ಭಾಗಿಸಿದೆ. 3.2 ಭಾಗಿಸು 4 ಅಂದರೆ ಬುಡದಲ್ಲಿ ಮೀಟರಿಗೆ 0.8 ಕೆಜಿ. ಆದರೆ ಬುಡದ ತುಂಡು ಒಂದೇ 1.1 ಕೆಜಿ ಇದೆಯಲ್ವಾ? ತಕ್ಕಡಿ ಸರಿ ಇದೆ, ಒಂದು ಕೆಜಿ ಸಕ್ಕರೆ ಪೊಟ್ಟಣ ಇಟ್ಟು ನೋಡಿದ್ದೇನೆ.

ಮಡಿಕೇರಿ ಮೇಷ್ಟ್ರು:
ಎರಡೂ ಸರಿ. ಆದರೆ ಎರಡೂ ಬುಡದ ತುದಿಯ ಲೆಕ್ಕ ಅಲ್ಲ.

3.2 ಭಾಗಿಸು 4 ಅನ್ನೋದು ಇಡೀ ಬಿದಿರಿನ ಸರಾಸರಿ. ಮಡಿಕೇರಿಯಿಂದ ಮೈಸೂರಿಗೆ ಸುಮಾರು 120 ಕಿಲೋಮೀಟರ್. 3 ಗಂಟೆಯಲ್ಲಿ ತಲುಪಿದರೆ ಸರಾಸರಿ ವೇಗ 40. ಹಾಗಂತ ಹುಣಸೂರು ದಾಟಿದ ಮೇಲೆ ಬಸ್ಸು 40ರಲ್ಲೇ ಓಡುತ್ತಿತ್ತು ಅನ್ನೋದಕ್ಕೆ ಆಗಲ್ಲ. ಘಟ್ಟದ ತಿರುವುಗಳ ನಿಧಾನವೂ ಆ 40ರೊಳಗೆ ಸೇರಿದೆ. ನಿಮ್ಮ 0.8ರಲ್ಲೂ ತುದಿಯ ಹಗುರ ಭಾಗ ಸೇರಿದೆ.

ಒಂದು ಜಾಗದ ತೂಕ ಬೇಕಾದರೆ ಆ ಜಾಗದ ಆಸುಪಾಸಿನಲ್ಲಿ ತೂಕ ಎಷ್ಟು ಏರಿತು ಅಂತ ನೋಡಬೇಕು. ಏರಿದ ತೂಕವನ್ನು ಏರಿದ ಉದ್ದದಿಂದ ಭಾಗಿಸಿ. ನಿಮ್ಮ ತುಂಡುಗಳು 0.2ರಂತೆ ಸಮವಾಗಿ ಏರುತ್ತಿವೆ. ಹಾಗಾಗಿ ಈ ಸೂತ್ರ ಕೂರುತ್ತದೆ:

ತೂಕ = 0.4 × ದೂರ + 0.1 × ದೂರ × ದೂರ

ದೂರವನ್ನು ತುದಿಯಿಂದ ಅಳೆಯಿರಿ. ಈಗ 3ನೇ ಮೀಟರ್ ಹತ್ತಿರ ನೋಡೋಣ. 3ರಿಂದ 4ಕ್ಕೆ ಏರಿಕೆ 1.1. 3ರಿಂದ 3.1ಕ್ಕೆ 0.101 ಕೆಜಿ, ಅಂದರೆ ಮೀಟರಿಗೆ 1.01. 3ರಿಂದ 3.01ಕ್ಕೆ ಹೋದರೆ 1.001. ತುಂಡು ಚಿಕ್ಕದಾದಂತೆ ಉತ್ತರ 1.0ಕ್ಕೆ ಬಂದು ನಿಲ್ಲುತ್ತಿದೆ. ಪಿಯುಸಿ ಗಣಿತದ ಅವಕಲನ ಅಂದರೆ ಇದೇ. ಅದರಿಂದ ಸಿಗೋದು:

ಮೀಟರಿಗೆ ತೂಕ = 0.4 + 0.2 × ದೂರ

ತುದಿಯಲ್ಲಿ 0.4, ಬುಡದಲ್ಲಿ 1.2. ನಿಮ್ಮ 1.1 ಬಂದಿದ್ದು ಕೊನೇ ತುಂಡಿನ ನಡುಮಧ್ಯದ, ಅಂದರೆ 3.5 ಮೀಟರಿನ ಬೆಲೆ.

ಕುಶಾಲನಗರ ಮರಗೆಲಸ:
ಮೇಷ್ಟ್ರೇ, ಹಾಗಾದರೆ 10 ಸೆಂಟಿಮೀಟರಿನ ತುಂಡು ಮಾಡಿ ತೂಗಿದರೆ ಇನ್ನೂ ಕರಾರುವಾಕ್ಕಾಗಿ ಬರುತ್ತಾ?

ಮಡಿಕೇರಿ ಮೇಷ್ಟ್ರು:
ಇಲ್ಲ. ಕಾಗದದ ಮೇಲೆ ಎಷ್ಟು ಬೇಕಾದರೂ ಚಿಕ್ಕದು ಮಾಡಬಹುದು, ಗರಗಸದಲ್ಲಿ ಆಗಲ್ಲ. ತಕ್ಕಡಿಯಲ್ಲಿ 10 ಗ್ರಾಂ ಹೆಚ್ಚುಕಮ್ಮಿ ಆದರೆ ಒಂದು ಮೀಟರಿನ ತುಂಡಿಗೆ ಅದು ಶೇಕಡಾ 1ರ ಆಸುಪಾಸು. 10 ಸೆಂಟಿಮೀಟರಿನ ತುಂಡು ಸುಮಾರು 100 ಗ್ರಾಂ ಇರುತ್ತೆ, ಅದಕ್ಕೆ ಅದೇ 10 ಗ್ರಾಂ ಶೇಕಡಾ 10. ಮೇಲಿಂದ ಕೊಯ್ಯುವಾಗ ಅರ್ಧ ಸೆಂಟಿಮೀಟರ್ ಆಚೀಚೆ ಆದರೆ ಮತ್ತೆ ಶೇಕಡಾ 5.

ಬಿದಿರಿಗೆ ಗಿಣ್ಣು ಬೇರೆ ಇದೆ. ಗಿಣ್ಣಿನೊಳಗೆ ಅಡ್ಡಗೋಡೆ ಇರುತ್ತೆ, ಅಲ್ಲಿ ತೂಕ ಜಾಸ್ತಿ. ಚಿಕ್ಕ ತುಂಡಿನಲ್ಲಿ ಒಂದಕ್ಕೆ ಗಿಣ್ಣು ಬರುತ್ತೆ, ಪಕ್ಕದ್ದಕ್ಕೆ ಬರಲ್ಲ, ಲೆಕ್ಕ ಕುಣಿಯುತ್ತೆ. ಒಂದೊಂದು ತುಂಡಿನಲ್ಲೂ ಎರಡು ಮೂರು ಗಿಣ್ಣು ಇರೋ ಹಾಗೆ ಕೊಯ್ಯಿರಿ, ಸಾಕು. ಎಲ್ಲ ತುಂಡನ್ನೂ ಒಂದೇ ದಿನ ತೂಗಿ. ನಮ್ಮ ಮಳೆಗಾಲದಲ್ಲಿ ಬಿದಿರು ನೀರು ಎಳೆದುಕೊಂಡು ಭಾರ ಆಗುತ್ತೆ. ಫೆಬ್ರವರಿ ತೂಕಕ್ಕೂ ಜುಲೈ ತೂಕಕ್ಕೂ ಹೊಂದಿಕೆ ಆಗಲ್ಲ.

ಕುಶಾಲನಗರ ಮರಗೆಲಸ:
ಒಂದು ಮಾತು ಸೇರಿಸುತ್ತೇನೆ. ಬುಡ ಭಾರ ಅಂದ ಮಾತ್ರಕ್ಕೆ ಅಲ್ಲಿನ ಬಿದಿರು ಗಟ್ಟಿ ಅಂತ ತಿಳಿಯಬೇಡಿ. ಬುಡದಲ್ಲಿ ಗೋಡೆ ದಪ್ಪ, ಸುತ್ತಳತೆ ದೊಡ್ಡದು, ಅದಕ್ಕೇ ಮೀಟರಿಗೆ ತೂಕ ಜಾಸ್ತಿ. ತುದಿಯ ಕಡೆ ಗೋಡೆ ತೆಳು, ಆದರೆ ನಾರು ಒತ್ತೊತ್ತಾಗಿರುತ್ತೆ. ಒಂದೇ ಅಳತೆಯ ಸೀಳು ತೆಗೆದರೆ ಸಾಮಾನ್ಯವಾಗಿ ತುದಿಯ ಸೀಳೇ ಹೆಚ್ಚು ತೂಗುತ್ತೆ.

ನೋಡಬೇಕಾದರೆ ಅಡುಗೆಮನೆ ಡಿಜಿಟಲ್ ತಕ್ಕಡಿ ಸಾಕು. ಮೊದಲು ಸೀಳನ್ನು ಹಾಗೇ ತೂಗಿ ಬರೆದುಕೊಳ್ಳಿ. ಆಮೇಲೆ ನೀರಿನ ಪಾತ್ರೆ ಇಟ್ಟು ಸೊನ್ನೆ ಮಾಡಿ. ಸೀಳನ್ನು ತೆಳು ತಂತಿಯ ತುದಿಯಿಂದ ಪೂರ್ತಿ ಮುಳುಗುವಷ್ಟು ಒತ್ತಿ ಹಿಡಿಯಿರಿ, ಪಾತ್ರೆಗೆ ತಾಗಬಾರದು. ತಕ್ಕಡಿ ತೋರಿಸೋ ಗ್ರಾಂ ಎಷ್ಟೋ, ಸೀಳಿನ ಗಾತ್ರ ಅಷ್ಟು ಮಿಲಿಲೀಟರ್. ಸೀಳಿನ ತೂಕವನ್ನು ಅದರಿಂದ ಭಾಗಿಸಿದರೆ ಸಾಂದ್ರತೆ. ಬೇಗ ಮುಗಿಸಿ, ಇಲ್ಲದಿದ್ದರೆ ನೀರು ಒಳಗೆ ಇಳಿಯುತ್ತೆ.

ಮತ್ತೆ, ನೆನೆದ ಬಿದಿರಿನಲ್ಲೂ ಕರೆಂಟ್ ಹರಿಯುತ್ತೆ. ಲೈನ್ ಪಕ್ಕದ ಮರಕ್ಕೆ ದೋಟಿ ಹಾಕಲೇಬೇಡಿ.

ಪೊನ್ನಂಪೇಟೆ ತೋಟ:
ತುಂಬಾ ಉಪಕಾರ ಆಯ್ತು. ಆ ಮೂಲೆಯ ಮರಗಳನ್ನು ಬಿಟ್ಟುಬಿಡುತ್ತೇವೆ. ಈಗ ಸಮ ಬೀಳೋ ಜಾಗ ಹೇಗೆ ತೆಗೆಯೋದು ಮೇಷ್ಟ್ರೇ? ತುದಿಗೆ ಕಾಲು ಕೆಜಿ ತೂಕದ ಕುಡುಗೋಲು ಕಟ್ಟಬೇಕು.

ಮಡಿಕೇರಿ ಮೇಷ್ಟ್ರು:
ಪ್ರತಿ ತುಂಡಿನ ತೂಕವನ್ನು ಅದರ ನಡುಭಾಗದ ದೂರದಿಂದ ಗುಣಿಸಿ, ಕೂಡಿಸಿ:

0.5 × 0.5 + 0.7 × 1.5 + 0.9 × 2.5 + 1.1 × 3.5 = 7.4

ಒಟ್ಟು ತೂಕ 3.2ರಿಂದ ಭಾಗಿಸಿದರೆ 2.31 ಮೀಟರ್. ಸೂತ್ರ ಹಿಡಿದು ಅನುಕಲನ ಮಾಡಿದರೆ, ಅಂದರೆ ತುಂಡುಗಳನ್ನು ತೀರಾ ಚಿಕ್ಕದು ಮಾಡಿ ಹೀಗೇ ಕೂಡಿಸಿದರೆ, ಮೊತ್ತ 7.47, ಭಾಗಿಸಿದರೆ 2.33. ವ್ಯತ್ಯಾಸ ಎರಡು ಬೆರಳಗಲವೂ ಇಲ್ಲ.

ಕುಡುಗೋಲು ಕೂರೋದು ದೂರ ಸೊನ್ನೆಯಲ್ಲಿ. ಹಾಗಾಗಿ ಮೇಲಿನ ಮೊತ್ತ ಬದಲಾಗಲ್ಲ, ತೂಕ ಮಾತ್ರ 3.45 ಆಗುತ್ತೆ. ಸೂತ್ರದಿಂದ ಬಂದ 7.47ನ್ನೇ ತೆಗೆದುಕೊಂಡು 3.45ರಿಂದ ಭಾಗಿಸಿದರೆ ಸುಮಾರು 2.16 ಮೀಟರ್. ಹೊಸ ಬಿದಿರಿಗೆ ಕುಡುಗೋಲು ಕಟ್ಟಿ, ತುದಿಯಿಂದ 2.16 ಮೀಟರಿನಲ್ಲಿ ಹಗ್ಗಕ್ಕೆ ತೂಗುಹಾಕಿ ನೋಡಿ. ಯಾವ ಕಡೆ ವಾಲುತ್ತೋ ಹಗ್ಗವನ್ನು ಆ ಕಡೆಗೆ ಸ್ವಲ್ಪ ಸರಿಸಿ, ಸಮ ನಿಂತ ಜಾಗದಲ್ಲಿ ಹಿಡಿ ಸುತ್ತಿ.