ಮರಳಿನ ಪುಸ್ತಕಗಳಲ್ಲಿ ನೀರಿನ ವ್ಯಾಜ್ಯ

ಥಾರ್ ಮರುಭೂಮಿಯ ಬಗ್ಗೆ ಒಂದೇ ಒಂದು ಪುಸ್ತಕ ಓದುವುದಾದರೆ ಯಾವುದನ್ನು ಓದಬೇಕು ಎಂಬ ಪ್ರಶ್ನೆಯನ್ನು ನಮ್ಮ ಸಂಜೆಯ ಕೂಟದಲ್ಲಿ ಎತ್ತಿದವರು ವಕೀಲರು. ಎತ್ತಿದ ಮರುಕ್ಷಣವೇ ಉತ್ತರವನ್ನೂ ಅವರೇ ಕೊಟ್ಟರು, ಏಕೆಂದರೆ ಎದುರು ಪಕ್ಷದವರಿಗೆ ಬಾಯಿ ತೆರೆಯಲು ಬಿಡುವುದು ಅವರ ವೃತ್ತಿಧರ್ಮಕ್ಕೆ ವಿರುದ್ಧ. ಈಸ್ಟ್ ಇಂಡಿಯಾ ಕಂಪನಿಯ ಅಧಿಕಾರಿ ಜೇಮ್ಸ್ ಟಾಡ್ 1829 ಮತ್ತು 1832ರಲ್ಲಿ ಎರಡು ಸಂಪುಟಗಳಾಗಿ ಪ್ರಕಟಿಸಿದ ರಾಜಸ್ಥಾನದ ಚರಿತ್ರೆಯ ಮುಂದೆ ಬೇರೆ ಯಾವ ಗ್ರಂಥವೂ ನಿಲ್ಲುವುದಿಲ್ಲ ಎಂಬುದು ಅವರ ತೀರ್ಪು.

“ಟಾಡ್ ಸಾಹೇಬರು ಮರುಭೂಮಿಗೆಂದೇ ಒಂದು ಭಾಗವನ್ನು ಮೀಸಲಿಟ್ಟಿರುವುದು ನಿಜ,” ಎಂದರು ಇತಿಹಾಸದ ಮೇಷ್ಟ್ರು. “ಆದರೆ ತಾವು ಮಂಡೋರ್ ದಾಟಿ ಅದರ ಒಳಕ್ಕೆ ಹೋದವರಲ್ಲವೆಂದು ಅದೇ ಭಾಗದಲ್ಲಿ ಅವರೇ ಹೇಳಿಕೊಂಡಿದ್ದಾರೆ. ಮಂಡೋರ್ ಇರುವುದು ಜೋಧಪುರದ ಮಗ್ಗುಲಲ್ಲಿ. ಅಲ್ಲಿಂದಾಚೆಗಿನ ಸುದ್ದಿಯನ್ನೆಲ್ಲ ತಾವು ಕಳುಹಿಸಿದ ಜನರ ಬಾಯಿಂದ ಕೇಳಿ ಬರೆದರು. ಕೇಳಿದ ಮಾತನ್ನು ನಿಮ್ಮ ನ್ಯಾಯಾಲಯ ಸಾಕ್ಷ್ಯವೆಂದು ಒಪ್ಪುತ್ತದೆಯೇ, ವಕೀಲರೇ?”

“ಹೇಳಿದವನು ತೀರಿಕೊಂಡಿದ್ದರೆ ಕೆಲವು ಸಂದರ್ಭಗಳಲ್ಲಿ ಒಪ್ಪುತ್ತದೆ. ಟಾಡ್ 1835ರಲ್ಲೇ ತೀರಿಕೊಂಡರು,” ಎಂದು ವಕೀಲರು ಒಂದಿಷ್ಟೂ ಅಳುಕದೆ ಉತ್ತರಿಸಿದರು.

ಟಾಡ್ ಅವರ ಪುಸ್ತಕದಲ್ಲಿ ಕೋಟೆಗಳಿವೆ, ಕತ್ತಿಗಳಿವೆ, ವಂಶಾವಳಿಗಳಿವೆ. ರಜಪೂತ ಠಾಕೂರರು ಯೂರೋಪಿನ ಹಳೆಯ ಸಾಮಂತರ ದಾಯಾದಿಗಳೇನೋ ಎಂಬಂತೆ ಅದರ ತುಂಬ ಓಡಾಡುತ್ತಾರೆ. ನನಗಂತೂ ಅದನ್ನು ಓದುವಾಗ ಈ ವೀರರೆಲ್ಲ ಬೆಳಗ್ಗೆ ಎದ್ದು ಮುಖ ತೊಳೆಯಲು ನೀರನ್ನು ಎಲ್ಲಿಂದ ತರುತ್ತಿದ್ದರು ಎಂಬ ಚಿಂತೆಯೇ ಹತ್ತಿಕೊಳ್ಳುತ್ತದೆ.

ಈ ಚಿಂತೆಗೆ ಪರಿಹಾರ ತಮ್ಮಲ್ಲಿದೆ ಎಂದು ಕುರ್ಚಿಯನ್ನು ಮುಂದಕ್ಕೆಳೆದುಕೊಂಡವರು ನಿವೃತ್ತ ಬ್ಯಾಂಕ್ ಮ್ಯಾನೇಜರರು. ಸೇವೆಯ ಕೆಲವು ವರ್ಷಗಳನ್ನು ಜೋಧಪುರದಲ್ಲಿ ಕಳೆದ ಅವರಿಗೆ ಹದಿನೇಳನೆಯ ಶತಮಾನದ ಮುಹಣೋತ ನೈಣಸಿಯ ಮೇಲೆ ಅಪಾರ ಅಭಿಮಾನ. ನೈಣಸಿಯು ಮಾರವಾಡದ ಮಹಾರಾಜ ಜಸವಂತ ಸಿಂಹನ ದಿವಾನ. ಆತನ ‘ಖ್ಯಾತ’ ರಾಜವಂಶಗಳ ಕಥನವಾದರೆ, ‘ವಿಗತ’ವು ಮಾರವಾಡದ ಪರಗಣೆಗಳ ಲೆಕ್ಕ: ಯಾವ ಊರಿನಿಂದ ಎಷ್ಟು ಕಂದಾಯ ಬಂದಿತು, ಅಲ್ಲಿ ಏನು ಬೆಳೆಯುತ್ತದೆ, ಬಾವಿ ಇದೆಯೇ, ಇದ್ದರೆ ಅದರ ನೀರು ಸಿಹಿಯೋ ಉಪ್ಪೋ ಎಂಬುದೆಲ್ಲ ಅದರಲ್ಲಿ ದಾಖಲಾಗಿದೆ.

“ಇದು ಸಾಹಿತ್ಯವೇ? ಜಮಾಬಂದಿಯಲ್ಲವೇ?” ಎಂದು ವಕೀಲರು ಮೂಗು ಮುರಿದರು.

“ಉಪ್ಪುನೀರಿನ ಬಾವಿಯ ಮುಂದೆ ‘ಉಪ್ಪು’ ಎಂದು ಪ್ರಾಮಾಣಿಕವಾಗಿ ಬರೆದಿಟ್ಟವನನ್ನು ನಾನು ಯಾವ ಮಹಾಕವಿಗೂ ಕಡಿಮೆಯೆಂದು ಎಣಿಸುವುದಿಲ್ಲ,” ಎಂದು ಮ್ಯಾನೇಜರರು ಗಂಭೀರರಾದರು. “ಇಷ್ಟು ಲೆಕ್ಕ ಬರೆದ ಮನುಷ್ಯನ ಮೇಲೆಯೇ ಕೊನೆಗೆ ಒಂದು ಲಕ್ಷ ರೂಪಾಯಿಯ ದಂಡ ಬಿದ್ದಿತು. ಆತ ಒಂದು ಕಾಸನ್ನೂ ಕೊಡಲೊಪ್ಪದೆ, 1670ರಲ್ಲಿ ಬಂಧನದಲ್ಲಿರುವಾಗಲೇ ತಮ್ಮನೊಡನೆ ಪ್ರಾಣ ಕಳೆದುಕೊಂಡನು. ಆಡಿಟ್ ಆಕ್ಷೇಪಣೆಗಳನ್ನು ನಾನೂ ಬೇಕಾದಷ್ಟು ಕಂಡಿದ್ದೇನೆ, ಆದರೆ ಆ ಮಟ್ಟದ್ದನ್ನು ಕಂಡಿಲ್ಲ.”

ಅಲ್ಲಿಯವರೆಗೆ ಕಾಫಿಯ ಮೇಲಷ್ಟೇ ಗಮನವಿಟ್ಟಿದ್ದ ಡಾಕ್ಟರಮ್ಮನವರು ಇಷ್ಟು ಸಾವುನೋವಿನ ಪುಸ್ತಕಗಳು ತಮಗೆ ಬೇಡವೆಂದೂ, ವಿಜಯದಾನ್ ದೇಥಾ ಅವರ ಕಥೆಗಳು ಸಾಕೆಂದೂ ಹೇಳಿದರು. ದೇಥಾ ಅವರು ತಮ್ಮ ಊರಾದ ಬೋರುಂದದಲ್ಲೇ ಕುಳಿತು, ಜನರ ಬಾಯಲ್ಲಿದ್ದ ಕಥೆಗಳನ್ನು ಕೇಳಿ, ತಮ್ಮದೇ ರೀತಿಯಲ್ಲಿ ರಾಜಸ್ಥಾನಿಯಲ್ಲಿ ಮರಳಿ ಬರೆದು, ‘ಬಾತಾಂ ರೀ ಫುಲವಾಡಿ’ ಎಂಬ ಹದಿನಾಲ್ಕು ಸಂಪುಟಗಳನ್ನು ತಂದವರು. 1974ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿಯೂ ಆ ಮಾಲೆಗೇ ಸಂದಿತು. ಅವರ ‘ದುವಿಧಾ’ ಕಥೆಯಲ್ಲಿ ಮದುವೆಯಾದ ಕೂಡಲೇ ವ್ಯಾಪಾರಕ್ಕೆಂದು ದೂರ ಹೊರಟುಹೋದ ಗಂಡನ ರೂಪ ಧರಿಸಿ ಒಂದು ಭೂತವು ಆ ಹುಡುಗಿಯೊಡನೆ ಸಂಸಾರ ಹೂಡುತ್ತದೆ. ‘ನಾಗಮಂಡಲ’ವನ್ನು ನೋಡಿದ ನಮಗೆ ಇಂಥ ಗಂಡಂದಿರ ಪರಿಚಯ ಸಾಕಷ್ಟಿದೆ, ನಮ್ಮಲ್ಲಿ ಹಾವು ಮಾಡುವ ಕೆಲಸವನ್ನು ಅಲ್ಲಿ ಭೂತ ಮಾಡುತ್ತದೆ, ಅಷ್ಟೇ.

“ಭೂತವನ್ನು ಕೊನೆಗೆ ಹೇಗೆ ಹಿಡಿದರು ಎಂಬುದನ್ನೂ ಹೇಳಿರಿ,” ಎಂದು ಮೇಷ್ಟ್ರು ಉತ್ಸಾಹದಿಂದ ಕೇಳಿದರು.

“ಕುರಿ ಕಾಯುವವನೊಬ್ಬನು ಉಪಾಯವಾಗಿ ಅದನ್ನು ತೊಗಲಿನ ನೀರಿನ ಚೀಲದೊಳಕ್ಕೆ ಇಳಿಸಿ ಬಾಯಿ ಕಟ್ಟಿಬಿಡುತ್ತಾನೆ.”

“ನೋಡಿದಿರಾ? ಅಲ್ಲಿ ಭೂತ ಹಿಡಿಯುವುದಕ್ಕೂ ನೀರಿನ ಚೀಲವೇ ಬೇಕು!” ಎಂದ ಮೇಷ್ಟ್ರು, ಇಡೀ ಚರ್ಚೆಯನ್ನೇ ಆ ಚೀಲದೊಳಕ್ಕೆ ಇಳಿಸಿದವರಂತೆ ವಿಜಯದ ನಗೆ ನಕ್ಕು, ಅನುಪಮ್ ಮಿಶ್ರ ಅವರ ‘ರಾಜಸ್ಥಾನ್ ಕೀ ರಜತ್ ಬೂಂದೇ’ ಎಂಬ ಹಿಂದಿ ಪುಸ್ತಕವನ್ನು ಮೇಜಿನ ಮೇಲಿಟ್ಟರು. 1995ರಲ್ಲಿ ಬಂದ ಈ ಪುಸ್ತಕ ಗಾತ್ರದಲ್ಲಿ ಟಾಡ್ ಅವರ ಸಂಪುಟಗಳ ಹತ್ತಿರಕ್ಕೂ ಬರುವುದಿಲ್ಲ. ಆದರೆ ವರ್ಷಕ್ಕೆ ಇಪ್ಪತ್ತು ಸೆಂಟಿಮೀಟರ್ ಮಳೆಯೂ ಗ್ಯಾರಂಟಿಯಿಲ್ಲದ ಜೈಸಲ್ಮೇರಿನಲ್ಲಿ ಎಂಟು ನೂರಕ್ಕೂ ಹೆಚ್ಚು ವರ್ಷಗಳಿಂದ ಜನ ಹೇಗೆ ಬದುಕಿದರು ಎಂಬುದನ್ನು ಅದು ತಿಳಿಸುತ್ತದೆ.

ಮೇಷ್ಟ್ರ ಮಾತು ಇಲ್ಲಿಂದ ಮುಂದೆ ಪಾಠವಾಯಿತಾದರೂ ನಾವು ಯಾರೂ ಎದ್ದುಹೋಗಲಿಲ್ಲ. ಥಾರ್‌ನ ಕೆಲವು ಕಡೆ ಮರಳಿನ ಕೆಳಗೆ ಜಿಪ್ಸಮ್‌ನ ಪದರವೊಂದು ಹಾಸಿಕೊಂಡಿದೆ. ಅದಕ್ಕಿಂತ ಆಳದಲ್ಲಿರುವುದು ಬಾಯಿಗಿಡಲಾಗದ ಉಪ್ಪುನೀರು. ಮೇಲಿನಿಂದ ಇಳಿದ ಮಳೆಯ ನೀರನ್ನು ಈ ಪದರವು ಆ ಉಪ್ಪಿನೊಡನೆ ಬೆರೆಯಗೊಡುವುದಿಲ್ಲ. ಹೀಗೆ ಮರಳಿನಲ್ಲೇ ತೇವವಾಗಿ ಉಳಿದ ನೀರಿಗಾಗಿ ಜನರು ‘ಕುಂಈ’ ಎಂಬ ಕಿರುಬಾವಿಯನ್ನು ತೋಡುತ್ತಾರೆ. ಒಬ್ಬನೇ ಕುಳಿತು ಅಗೆಯುವಷ್ಟು ಇಕ್ಕಟ್ಟಾದ ಆ ಗುಂಡಿಯೊಳಗೆ ಸೆಕೆ ತಡೆಯಲಾಗದೆಂದು ಮೇಲಿರುವವರು ಮುಷ್ಟಿ ಮುಷ್ಟಿ ಮರಳನ್ನು ಜೋರಾಗಿ ಎರಚುತ್ತಾರೆ. ಅದರೊಡನೆ ಹೊರಗಿನ ಗಾಳಿ ಕೆಳಗಿಳಿದು ಒಳಗಿನ ಬಿಸಿಗಾಳಿ ಮೇಲೇರುತ್ತದೆ. ಬೀಳುವ ಮರಳಿನಿಂದ ತಲೆ ಕಾಯಲು ಅಗೆಯುವವನು ಲೋಹದ ಪಾತ್ರೆಯೊಂದನ್ನು ಕವುಚಿಕೊಂಡಿರುತ್ತಾನೆ. ಇಷ್ಟೆಲ್ಲ ಮಾಡಿದ ಮೇಲೆ ಹನಿಹನಿಯಾಗಿ ಒಸರಿ ದಿನಕ್ಕೆ ಎರಡು ಮೂರು ಕೊಡ ನೀರು ಸಿಕ್ಕುತ್ತದೆ.

“ಇನ್ನೊಂದು ವಿಷಯವಿದೆ, ವಕೀಲರೇ. ಈ ಕುಂಈಗಳು ಒಬ್ಬೊಬ್ಬರ ಸ್ವಂತದವು, ಆದರೆ ಅವು ಇರುವ ನೆಲ ಊರಿನದು. ಹೊಸದನ್ನು ತೋಡಲು ಊರು ಒಪ್ಪಬೇಕು, ಏಕೆಂದರೆ ಆ ವರ್ಷದ ಮಳೆ ಮರಳಿನಲ್ಲಿ ಇಳಿಸಿಟ್ಟ ತೇವ ಇಷ್ಟೇ ಎಂದು ಗೊತ್ತಿದೆ. ಒಂದು ಬಾವಿ ಹೆಚ್ಚಾದರೆ ಉಳಿದವರ ಪಾಲು ಕಡಿಮೆಯಾಗುತ್ತದೆ.”

ವಕೀಲರು ಟಾಡ್ ಅವರನ್ನು ಕೈಬಿಟ್ಟದ್ದು ಈ ಕ್ಷಣದಲ್ಲಿ. ಮಾಲೀಕತ್ವ ಖಾಸಗಿ, ನೆಲ ಸಾರ್ವಜನಿಕ, ಪರವಾನಗಿ ಊರಿನದು. ಇಂಥ ಸೊಗಸಾದ ತಕರಾರಿನ ಸಾಮಗ್ರಿ ಕೋಟೆ ಕೊತ್ತಲಗಳಲ್ಲಿ ಎಲ್ಲಿ ಸಿಕ್ಕೀತು?

“ಈಗ ಕಾಲುವೆಯೇ ಬಂದಿದೆಯಲ್ಲ, ಇನ್ನು ಈ ಹನಿಗಳ ಲೆಕ್ಕವೇಕೆ?” ಎಂದು ಮ್ಯಾನೇಜರರು ಕೆಣಕಿದರು. ಸಟ್ಲೆಜ್ ಮತ್ತು ಬಿಯಾಸ್ ಕೂಡುವ ಹರಿಕೆಯಿಂದ ಮರುಭೂಮಿಗೆ ನೀರು ತರುವ ಕಾಲುವೆಯ ಕೆಲಸ 1958ರಲ್ಲಿ ಆರಂಭವಾಗಿ, ಮುಂದೆ ಅದಕ್ಕೆ ಇಂದಿರಾ ಗಾಂಧಿಯವರ ಹೆಸರು ಬಂದಿತು. ಗಂಗಾನಗರ, ಬಿಕಾನೇರ್, ಜೈಸಲ್ಮೇರ್ ಜಿಲ್ಲೆಗಳ ಎಷ್ಟೋ ನೆಲ ಹಸುರಾದದ್ದನ್ನು ಅವರು ಕಣ್ಣಾರೆ ಕಂಡಿದ್ದರು.

“ಹಸುರಾಯಿತು, ನಿಜ. ಆದರೆ ಕೆಲವು ಕಡೆ ಹೊಲಗಳು ಜವುಗು ಹಿಡಿದು ಮೇಲೆ ಉಪ್ಪು ಬಂದದ್ದನ್ನೂ ನಿಮ್ಮ ಲೆಕ್ಕದಲ್ಲಿ ಸೇರಿಸಿರಿ,” ಎಂದರು ಮೇಷ್ಟ್ರು. “ಹನಿ ನೀರನ್ನು ಹಿಡಿದಿಡುವ ಆ ಜಿಪ್ಸಮ್ ಪದರ ಕಾಲುವೆಯ ನೀರನ್ನೂ ಕೆಳಗಿಳಿಯಲು ಬಿಡಲಿಲ್ಲ. ತನ್ನ ಕೆಲಸವನ್ನು ಅದು ಎಂದಿನಂತೆಯೇ ಮಾಡಿತು.”

ಮ್ಯಾನೇಜರರು ನೈಣಸಿಯಿದ್ದಿದ್ದರೆ ಅಂಥ ಹೊಲಗಳ ಮುಂದೆಯೂ ‘ಉಪ್ಪು’ ಎಂದು ಬರೆದಿರುತ್ತಿದ್ದನೆಂದು ಹೆಮ್ಮೆಯಿಂದ ಹೇಳಿದರು. ಆ ಪದರದ ಮೇಲೆ ದಾವೆ ಹೂಡಲು ಬರುವುದಿಲ್ಲವೆಂದು ವಕೀಲರು ವಿಷಾದಿಸಿ, ಪುಸ್ತಕವನ್ನು ತಮ್ಮ ಚೀಲಕ್ಕೆ ಸೇರಿಸಲು ಕೈಚಾಚಿದರು. ಹಿಂದಿ ಬಾರದ ಅವರು ಅದನ್ನು ಒಯ್ದು ಏನು ಮಾಡುತ್ತಾರೆಂದು ಡಾಕ್ಟರಮ್ಮನವರು ಕೇಳಿದ್ದಕ್ಕೆ, ಓದುವವರು ಕಕ್ಷಿದಾರರೆಂದೂ ವಾದಿಸುವುದಷ್ಟೇ ತಮ್ಮ ಕೆಲಸವೆಂದೂ ಅವರು ತಿಳಿಸಿದರು.